ದಪ್ಪ ಪುಸ್ತಕ ಕೊನೆಗಿರಲಿ: ಅಸ್ತಿತ್ವವಾದ ಓದಲು ಹೊರಟವರಿಗೆ

ಹೇಗೆ ಬದುಕಬೇಕು ಅನ್ನುವುದನ್ನು ಮನುಷ್ಯ ತಾನೇ ಆರಿಸಿಕೊಳ್ಳಬೇಕು ಅನ್ನುವುದರ ಸುತ್ತ ಬೆಳೆದ ತತ್ವಚಿಂತನೆ ಅಸ್ತಿತ್ವವಾದ. ಅದನ್ನು ಓದಬೇಕು ಅಂತ ಹೊರಟವರು ಸಾಮಾನ್ಯವಾಗಿ ಮಾಡುವ ತಪ್ಪನ್ನೇ ನಾನೂ ಮಾಡಿದ್ದೆ. ಕಾಲೇಜು ಲೈಬ್ರರಿಯಿಂದ ಫ್ರೆಂಚ್ ತತ್ವಜ್ಞಾನಿ ಸಾರ್ತ್ರನ 'ಬೀಯಿಂಗ್ ಅಂಡ್ ನಥಿಂಗ್‌ನೆಸ್' ಹೊತ್ತುಕೊಂಡು ಬಂದೆ. ಒಂದು ತಿಂಗಳು ಅದು ಹಾಸ್ಟೆಲ್ ಮಂಚದ ಮೇಲಿತ್ತು. ಮೂವತ್ತನೇ ಪುಟ ದಾಟಲಾಗದೆ, ತಡವಾಗಿದ್ದಕ್ಕೆ ದಂಡ ಕಟ್ಟಿ ವಾಪಸು ಕೊಟ್ಟೆ. ಆಮೇಲೆ ಎರಡು ವರ್ಷ ಆ ಕಪಾಟಿನ ಕಡೆ ತಲೆ ಹಾಕಲಿಲ್ಲ. ತಪ್ಪು ಪುಸ್ತಕದ್ದಲ್ಲ, ನಾನು ಹಿಡಿದ ಕ್ರಮದ್ದು.

ಈ ಬರಹಗಾರರೆಲ್ಲ ಒಂದು ಸನ್ನಿವೇಶವನ್ನು ಕಣ್ಣ ಮುಂದೆ ನಿಲ್ಲಿಸಿಕೊಂಡು ಯೋಚಿಸಿದವರು. ತಾಯಿಯ ಹೆಣದ ಪಕ್ಕ ಕಾಫಿ ಕುಡಿಯುವ ಮಗ, ಮಗನನ್ನು ಬಲಿಕೊಡಲು ಬೆಟ್ಟಕ್ಕೆ ಕರೆದೊಯ್ಯುವ ಅಪ್ಪ, ಕೀಲಿಕಂಡಿಯಲ್ಲಿ ಇಣುಕುತ್ತಾ ಸಿಕ್ಕಿಬಿದ್ದವನು. ವಾದ ಬರುವುದು ಆಮೇಲೆ. ಆದ್ದರಿಂದ ನಾನು ಹೇಳುವ ಉಪಾಯ ಒಂದೇ: ಪ್ರತಿ ಪುಸ್ತಕದಿಂದ ಒಂದು ಸನ್ನಿವೇಶ ಹಿಡಿಯಿರಿ, ಪುಸ್ತಕ ಮುಚ್ಚಿ, ಅದನ್ನು ನಿಮ್ಮ ಕನ್ನಡದಲ್ಲಿ ಐದಾರು ಸಾಲು ಬರೆಯಿರಿ. ಓದುವುದು ಹೆಚ್ಚಾಗಿ ಇಂಗ್ಲಿಷ್ ಅನುವಾದದಲ್ಲಿ ಆಗಿರುವುದರಿಂದ, ಅರ್ಥವಾಗದಿದ್ದರೂ ಅರ್ಥವಾದಂತೆ ಅನ್ನಿಸುವ ಅಪಾಯವಿದೆ. ಕನ್ನಡದಲ್ಲಿ ಹೇಳಲು ಕೂತಾಗ ಗುಟ್ಟು ರಟ್ಟಾಗುತ್ತದೆ.

ಶುರು ಮಾಡುವ ಮುಂಚೆ

'ಅಸ್ತಿತ್ವವಾದಿ' ಅನ್ನುವ ಹಣೆಪಟ್ಟಿಯನ್ನು ನಂಬಬೇಡಿ. ಡೆನ್ಮಾರ್ಕಿನ ಕಿರ್ಕೆಗಾರ್ಡ್ (1813–1855) ಮತ್ತು ಜರ್ಮನಿಯ ನೀತ್ಶೆ (1844–1900) ಬದುಕಿದ್ದಾಗ ಆ ಪದವೇ ಚಾಲ್ತಿಯಲ್ಲಿರಲಿಲ್ಲ. ಅದು ಬಾಯಿಂದ ಬಾಯಿಗೆ ಹರಿದಾಡಿದ್ದು ಎರಡನೇ ಮಹಾಯುದ್ಧ ಮುಗಿಯುವ ಹೊತ್ತಿನ ಪ್ಯಾರಿಸ್ಸಿನಲ್ಲಿ. ಫ್ರೆಂಚ್ ಕಾದಂಬರಿಕಾರ ಕಮೂ 'ನಾನು ಅಸ್ತಿತ್ವವಾದಿ ಅಲ್ಲ' ಅಂತ ಬಿಡಿಸಿ ಹೇಳಿದ. ಜರ್ಮನ್ ತತ್ವಜ್ಞಾನಿ ಹೈಡೆಗರ್ 1947ರಲ್ಲಿ ಪ್ರಕಟಿಸಿದ ಪತ್ರವೊಂದರಲ್ಲಿ ಸಾರ್ತ್ರನಿಂದ ದೂರ ಸರಿದು ನಿಂತ. ಈ ಗುಂಪಿನೊಳಗೆ ದೇವರನ್ನು ನಂಬುವವರೂ ಇದ್ದಾರೆ, ನಂಬದವರೂ ಇದ್ದಾರೆ. ಹಾಗಾಗಿ 'ಅಸ್ತಿತ್ವವಾದ ಏನು ಹೇಳುತ್ತದೆ?' ಅನ್ನುವ ಪ್ರಶ್ನೆಯನ್ನು ಬದಿಗಿಟ್ಟು, 'ಈ ಮನುಷ್ಯ ಈಗ ಏನು ಮಾಡಬೇಕು?' ಅಂತ ಕೇಳುತ್ತಾ ಹೋಗಿ.

ಹೆಜ್ಜೆ 1: ಕಮೂನ ಸಣ್ಣ ಕಾದಂಬರಿ

1942ರಲ್ಲಿ ಬಂದ 'ಲ'ಎತ್ರಾಂಜೆ'. ಇಂಗ್ಲಿಷಿನಲ್ಲಿ ಇದಕ್ಕೆ ಎರಡು ಹೆಸರು: 'ದಿ ಸ್ಟ್ರೇಂಜರ್' ಮತ್ತು 'ದಿ ಔಟ್‌ಸೈಡರ್'. ಎರಡೂ ಒಂದೇ ಪುಸ್ತಕ, ಬೇರೆ ಬೇರೆ ಅಂದುಕೊಂಡು ಎರಡೂ ಕೊಳ್ಳಬೇಡಿ (ಕೊಂಡವರನ್ನು ನೋಡಿದ್ದೇನೆ). ಒಂದು ಭಾನುವಾರದಲ್ಲಿ ಮುಗಿಯುತ್ತದೆ. ಆದರೆ ಮೊದಲ ಪುಟದಲ್ಲಿ ಅರ್ಧ ಗಂಟೆ ನಿಲ್ಲಿ.

ಅಲ್ಜೀರಿಯಾದ ರಾಜಧಾನಿ ಅಲ್ಜಿಯರ್ಸ್‌ನಲ್ಲಿ ಗುಮಾಸ್ತನಾಗಿರುವ ಮರ್ಸೋಗೆ ವೃದ್ಧಾಶ್ರಮದಿಂದ ತಂತಿ ಬರುತ್ತದೆ. ಅಮ್ಮ ಸತ್ತಿದ್ದಾಳೆ, ಇವತ್ತೋ ನಿನ್ನೆಯೋ ಗೊತ್ತಿಲ್ಲ. ಆಶ್ರಮ ಇರುವುದು 80 ಕಿಲೋಮೀಟರ್ ದೂರದ ಮರೆಂಗೋದಲ್ಲಿ. ಎರಡು ಗಂಟೆಯ ಬಸ್ಸು ಹಿಡಿಯಬೇಕು. ಎರಡು ದಿನ ರಜೆ ಕೇಳಿದಾಗ ಮಾಲೀಕನ ಮುಖ ಸಪ್ಪಗಾಗುತ್ತದೆ. 'ಇದರಲ್ಲಿ ನನ್ನ ತಪ್ಪೇನಿಲ್ಲ' ಅಂದುಬಿಡುತ್ತಾನೆ ಮರ್ಸೋ. ಕಪ್ಪು ಟೈ ಮತ್ತು ತೋಳುಪಟ್ಟಿಗಾಗಿ ಗೆಳೆಯನ ಮನೆಗೆ ಹೋಗುತ್ತಾನೆ. ಆ ಗೆಳೆಯನ ಚಿಕ್ಕಪ್ಪ ಕೆಲವು ತಿಂಗಳ ಹಿಂದಷ್ಟೇ ತೀರಿಕೊಂಡಿರುವುದರಿಂದ ಅಲ್ಲಿ ಸಿಗುತ್ತದೆ. ದುಃಖದ ಒಂದು ಪದವೂ ಇಲ್ಲ. ದುಃಖವೇ ಇಲ್ಲ ಅಂತ ಹೇಳುವ ಒಂದು ಪದವೂ ಇಲ್ಲ.

ಈಗ ಅಮ್ಮ ಸತ್ತದ್ದನ್ನು ಹೇಳುವ ಆ ಮೊದಲ ವಾಕ್ಯವನ್ನು ಕನ್ನಡಕ್ಕೆ ತನ್ನಿ. ಮೂರು ಪದದ ಕೆಲಸ ಅನ್ನಿಸುತ್ತದೆ, ಮಾಡಿ ನೋಡಿ. 'ತಾಯಿಯವರು ನಿಧನರಾದರು' ಅಂದರೆ ಅದು ತಂತಿಯ ಭಾಷೆ, ಮಗನದಲ್ಲ. 'ಅಮ್ಮ ತೀರಿಕೊಂಡಳು' ಅಂದರೆ ಸಭ್ಯವಾಗಿದೆ. ಆದರೆ ಮುಂದೆ ನ್ಯಾಯಾಲಯ ಅವನಲ್ಲಿ ಇಲ್ಲ ಅಂತ ದೂರುವುದು ಇದೇ ಸಭ್ಯತೆಯನ್ನು. 'ಅಮ್ಮ ಹೋಗಿಬಿಟ್ಟಳು' ಅನ್ನುವುದರಲ್ಲಿ ಆ 'ಬಿಟ್ಟಳು' ಆಗಲೇ ಅಳುತ್ತಿದೆ. 'ಅಮ್ಮ ಸತ್ತಳು' ಅಂದರೆ ಓದುಗ ಮೊದಲ ಸಾಲಿನಲ್ಲೇ ಅವನನ್ನು ಕಟುಕ ಅಂತ ತೀರ್ಮಾನಿಸುತ್ತಾನೆ, ಸರ್ಕಾರಿ ವಕೀಲನ ಕೆಲಸವನ್ನು ನಾವೇ ಮಾಡಿಕೊಟ್ಟಂತಾಯಿತು. ಇಂಗ್ಲಿಷ್ ಅನುವಾದಕರೂ ಇಲ್ಲೇ ಒದ್ದಾಡಿದ್ದಾರೆ: 1946ರಲ್ಲಿ ಸ್ಟುವರ್ಟ್ ಗಿಲ್ಬರ್ಟ್ 'ಮದರ್' ಅಂದ, 1988ರಲ್ಲಿ ಮ್ಯಾಥ್ಯೂ ವಾರ್ಡ್ ಫ್ರೆಂಚಿನ 'ಮಮಾಂ' ಪದವನ್ನೇ ಉಳಿಸಿಕೊಂಡ. ನಾನು ಈಗಲೂ 'ಇವತ್ತು ಅಮ್ಮ ಸತ್ತಳು' ಅನ್ನುವುದಕ್ಕೇ ಅಂಟಿಕೊಂಡಿದ್ದೇನೆ, ಪೂರ್ತಿ ಸಮಾಧಾನವಿಲ್ಲದೆ.

ಎರಡನೇ ಭಾಗದಲ್ಲಿ ಪೆನ್ಸಿಲ್ ಹಿಡಿದು ಕೂರಿ. ಮರ್ಸೋ ಕಡಲತೀರದಲ್ಲಿ ಒಬ್ಬ ಅರಬನನ್ನು ಕೊಂದಿದ್ದಾನೆ. ಒಂದು ಗುಂಡು, ಆಮೇಲೆ ಬಿದ್ದ ದೇಹಕ್ಕೆ ಇನ್ನೂ ನಾಲ್ಕು. ಆದರೆ ವಿಚಾರಣೆಯಲ್ಲಿ ಪದೇ ಪದೇ ಬರುವುದು ಅಮ್ಮನ ಶವದ ಬಳಿ ಕುಡಿದ ಹಾಲು ಬೆರೆಸಿದ ಕಾಫಿ, ಸೇದಿದ ಸಿಗರೇಟು, ಮರುದಿನ ನೋಡಿದ ಹಾಸ್ಯದ ಸಿನಿಮಾ. ಕಾಫಿಯ ಮಾತು ಬಂದಲ್ಲೆಲ್ಲ ಗುರುತು ಹಾಕಿ. ಕೊಲೆಯಾದವನ ಹೆಸರು ಎಷ್ಟು ಸಲ ಬರುತ್ತದೆ ಅಂತಲೂ ಎಣಿಸಿ: ಒಂದು ಸಲವೂ ಇಲ್ಲ. ಈ ಮೌನಕ್ಕೆ ಅಲ್ಜೀರಿಯಾದ ಕಮೆಲ್ ದಾವುದ್ 2013ರಲ್ಲಿ ಇನ್ನೊಂದು ಕಾದಂಬರಿಯನ್ನೇ ಉತ್ತರವಾಗಿ ಬರೆದ. ಅದರಲ್ಲಿ ಸತ್ತವನಿಗೆ ಮೂಸಾ ಅನ್ನುವ ಹೆಸರಿದೆ, ಕಥೆ ಹೇಳುವವನು ಅವನ ತಮ್ಮ. ಕಮೂ ಓದಿದ ಬಿಸಿ ಆರುವ ಮುಂಚೆ ಅದನ್ನೂ ಓದಿ.

ಹೆಜ್ಜೆ 2: ಸಾರ್ತ್ರನ ಒಂದು ಸಂಜೆಯ ಭಾಷಣ

1945ರ ಅಕ್ಟೋಬರ್ 29ರಂದು ಪ್ಯಾರಿಸ್ಸಿನಲ್ಲಿ ಸಾರ್ತ್ರ ಮಾಡಿದ ಭಾಷಣ ಮರುವರ್ಷ ಪುಸ್ತಕವಾಯಿತು: 'ಎಕ್ಸಿಸ್ಟೆನ್ಶಿಯಲಿಸಂ ಈಸ್ ಎ ಹ್ಯೂಮನಿಸಂ'. ತನ್ನ ಮೇಲಿನ ಟೀಕೆಗಳಿಗೆ ಉತ್ತರ ಕೊಡಲು ಮಾಡಿದ್ದಾದ್ದರಿಂದ ಮಾತು ನೇರವಾಗಿದೆ, ಕೆಲವು ಕಡೆ ತೀರಾ ಸರಳವೂ ಆಗಿದೆ. ಮೊದಲ ಉದಾಹರಣೆ ಕಾಗದ ಕತ್ತರಿಸುವ ಚಾಕು. ಅದನ್ನು ಮಾಡುವವನಿಗೆ ಅದು ಯಾತಕ್ಕೆ ಅಂತ ಮೊದಲೇ ಗೊತ್ತು. ಮನುಷ್ಯನಿಗೆ ಅಂಥ ನಕ್ಷೆ ಇಲ್ಲ. ಮೊದಲು ಇರುತ್ತಾನೆ, ಆಮೇಲೆ ಏನೋ ಆಗುತ್ತಾನೆ. ಇಷ್ಟೇ.

ನಿಜವಾಗಿ ಕಾಡುವುದು ಎರಡನೆಯದು. ಯುದ್ಧದ ಕಾಲದಲ್ಲಿ ಒಬ್ಬ ವಿದ್ಯಾರ್ಥಿ ಸಾರ್ತ್ರನ ಬಳಿ ಬರುತ್ತಾನೆ. ಅಣ್ಣ 1940ರ ಜರ್ಮನ್ ದಾಳಿಯಲ್ಲಿ ಸತ್ತಿದ್ದಾನೆ. ಅಪ್ಪ ಅಮ್ಮನಿಂದ ದೂರ. ಅಮ್ಮನಿಗೆ ಇವನೊಬ್ಬನೇ ಆಸರೆ. ಇಂಗ್ಲೆಂಡಿಗೆ ಹೋಗಿ ಜರ್ಮನ್ನರ ವಿರುದ್ಧ ಹೋರಾಡುತ್ತಿದ್ದ ಸ್ವತಂತ್ರ ಫ್ರೆಂಚ್ ಪಡೆ ಸೇರಲೋ, ಅಮ್ಮನ ಹತ್ತಿರ ಉಳಿಯಲೋ? ಸಾರ್ತ್ರ ಸಲಹೆ ಕೊಡಲಿಲ್ಲ. ನೀನು ಸ್ವತಂತ್ರ, ಆರಿಸಿಕೋ ಅಂದ. ಅವನ ಇನ್ನೊಂದು ಮಾತು ಚುರುಕಾಗಿದೆ: ಯಾರ ಹತ್ತಿರ ಸಲಹೆ ಕೇಳಲು ಹೋಗುತ್ತೀಯೋ ಅದರಲ್ಲೇ ನಿನ್ನ ತೀರ್ಮಾನ ಅಡಗಿರುತ್ತದೆ. ಕೆಲಸ ಬಿಡಬೇಕೋ ಬೇಡವೋ ಅನ್ನುವ ಗೊಂದಲದಲ್ಲಿ, ಬೇಡ ಅನ್ನುವ ಮಾವನ ಬದಲು ಬಿಡು ಅನ್ನುವ ಗೆಳೆಯನಿಗೆ ಫೋನ್ ಮಾಡಿದವರಿಗೆ ಇದನ್ನು ವಿವರಿಸಬೇಕಿಲ್ಲ.

ಓದಿದ ಮೇಲೆ ಸಾರ್ತ್ರನ ಜೊತೆ ಜಗಳ ಆಡಿ. ಅಷ್ಟು ಸಂಕಟದಲ್ಲಿ ಕೇಳಿಕೊಂಡು ಬಂದ ಹುಡುಗನಿಗೆ ಅಷ್ಟೇ ಉತ್ತರವೇ? ನನಗೆ ಇದು ಇವತ್ತಿಗೂ ಮೇಷ್ಟರೊಬ್ಬರ ತಪ್ಪಿಸಿಕೊಳ್ಳುವಿಕೆಯಂತೆಯೇ ಕಾಣುತ್ತದೆ.

ಹೆಜ್ಜೆ 3: ನೆಲಮಾಳಿಗೆಯ ಮನುಷ್ಯ

ಈಗ ಎಂಬತ್ತು ವರ್ಷ ಹಿಂದಕ್ಕೆ, ಸೇಂಟ್ ಪೀಟರ್ಸ್‌ಬರ್ಗ್‌ಗೆ. ದಾಸ್ತೋವ್ಸ್ಕಿಯ 'ನೋಟ್ಸ್ ಫ್ರಮ್ ಅಂಡರ್‌ಗ್ರೌಂಡ್' 1864ರದು. ಕಾನ್ಸ್‌ಟನ್ಸ್ ಗಾರ್ನೆಟ್ ಮಾಡಿದ ಹಳೆಯ ಇಂಗ್ಲಿಷ್ ಅನುವಾದ ಪ್ರಾಜೆಕ್ಟ್ ಗುಟೆನ್‌ಬರ್ಗ್ ಜಾಲತಾಣದಲ್ಲಿ ಬಿಟ್ಟಿಯಾಗಿ ಸಿಗುತ್ತದೆ.

ಮೊದಲ ಭಾಗ ಪೂರ್ತಿ ನೆಲಮಾಳಿಗೆಯ ಮನುಷ್ಯನ ಗೊಣಗಾಟ. ಬೇಸರ ಬಂದರೆ ನಾಚಿಕೆಪಡದೆ ಎರಡನೇ ಭಾಗಕ್ಕೆ ಹಾರಿ, ಆಮೇಲೆ ಮೊದಲನೆಯದಕ್ಕೆ ಬನ್ನಿ. ಪಂಡಿತರು ಒಪ್ಪಲಿಕ್ಕಿಲ್ಲ, ಆದರೆ ಕೆಲಸ ಆಗುತ್ತದೆ. ಎರಡನೇ ಭಾಗದಲ್ಲಿ ಅಡ್ಡ ನಿಂತಿದ್ದ ಇವನನ್ನು ಒಬ್ಬ ಸೇನಾಧಿಕಾರಿ ಒಂದು ಮಾತೂ ಆಡದೆ, ಕುರ್ಚಿ ಸರಿಸಿದಂತೆ ಭುಜ ಹಿಡಿದು ಪಕ್ಕಕ್ಕಿಟ್ಟು ಹೋಗುತ್ತಾನೆ. ಆ ಅವಮಾನ ವರ್ಷಗಟ್ಟಲೆ ಇವನೊಳಗೆ ಕೊಳೆಯುತ್ತದೆ. ಸೇಡು ತೀರಿಸುವ ಯೋಜನೆ: ನೆವ್‌ಸ್ಕಿ ಬೀದಿಯಲ್ಲಿ ಎದುರಾದಾಗ ದಾರಿ ಬಿಡದೆ ಭುಜಕ್ಕೆ ಭುಜ ತಾಗಿಸುವುದು. ಅದಕ್ಕೆ ಸರಿಯಾದ ವೇಷ ಬೇಡವೇ? ಸಂಬಳದಲ್ಲಿ ಮುಂಗಡ ತೆಗೆದು, ಸಾಲ ಮಾಡಿ, ಕೈಗವಸು, ಹ್ಯಾಟು, ಕೋಟಿಗೆ ಹೊಸ ತುಪ್ಪಳದ ಕಾಲರ್. ಎಷ್ಟೋ ಸಲ ಕೊನೇ ಗಳಿಗೆಯಲ್ಲಿ ತಾನೇ ಪಕ್ಕಕ್ಕೆ ಸರಿದು, ಕೊನೆಗೊಮ್ಮೆ ಕಣ್ಣು ಮುಚ್ಚಿ ಡಿಕ್ಕಿ ಹೊಡೆಯುತ್ತಾನೆ. ಅಧಿಕಾರಿ ತಿರುಗಿಯೂ ನೋಡುವುದಿಲ್ಲ. ಇವನು ಮಾತ್ರ ಗೆದ್ದೆ ಅಂತ ಹಾಡು ಹೇಳಿಕೊಳ್ಳುತ್ತಾ ಮನೆಗೆ ಹೋಗುತ್ತಾನೆ.

ನಕ್ಕು ಮುಗಿದ ಮೇಲೆ ಮೊದಲ ಭಾಗಕ್ಕೆ ಬಂದರೆ, ಎರಡೆರಡಲ ನಾಲ್ಕು ಅನ್ನುವ ಗೋಡೆಯ ವಿರುದ್ಧ ಅವನು ಯಾಕೆ ಹರಿಹಾಯುತ್ತಾನೆ ಅನ್ನುವುದು ಹಿಡಿತಕ್ಕೆ ಬರುತ್ತದೆ. ಮನುಷ್ಯನಿಗೆ ಲಾಭ ಯಾವುದು ಅಂತ ಲೆಕ್ಕ ಹಾಕಿ ತೋರಿಸಿದರೆ ಅವನು ಅದನ್ನೇ ಮಾಡುತ್ತಾನೆ ಅನ್ನುವ ನಂಬಿಕೆ ಆಗಿನ ರಷ್ಯಾದ ಸುಧಾರಕರಲ್ಲಿತ್ತು. ಇವನು ಹೇಳುವುದು: ನಷ್ಟವಾದರೂ ಸರಿ, ನನ್ನ ಇಷ್ಟವೇ ನನಗೆ.

ಹೆಜ್ಜೆ 4: ಕಿರ್ಕೆಗಾರ್ಡ್, ನಿಧಾನವಾಗಿ

'ಫಿಯರ್ ಅಂಡ್ ಟ್ರೆಂಬ್ಲಿಂಗ್' (1843). ತೆರೆಯುವ ಮುಂಚೆ ಬೈಬಲ್ಲಿನ ಆದಿಕಾಂಡದ 22ನೇ ಅಧ್ಯಾಯ ಓದಿಕೊಳ್ಳಿ, ಹತ್ತು ನಿಮಿಷ ಸಾಕು. ಮಗ ಇಸಾಕನನ್ನು ಬಲಿಕೊಡು ಅಂತ ದೇವರು ಅಬ್ರಹಾಮನಿಗೆ ಹೇಳುತ್ತಾನೆ. ಅಬ್ರಹಾಮ ಹೊರಡುತ್ತಾನೆ. ಮೂರನೇ ದಿನ ಬೆಟ್ಟ ಕಾಣುತ್ತದೆ. ಕತ್ತಿ ಎತ್ತಿದಾಗ ದೇವದೂತ ತಡೆಯುತ್ತಾನೆ.

ನಮ್ಮಲ್ಲಿ ಸಿರಿಯಾಳ ಸೆಟ್ಟಿಯ ಕಥೆ ಕೇಳಿ ಬೆಳೆದವರಿಗೆ ಇದು ಹೊಸದಲ್ಲ. ಜಂಗಮನ ರೂಪದಲ್ಲಿ ಬಂದ ಶಿವನಿಗೆ ಮಗನನ್ನೇ ಅಡಿಗೆ ಮಾಡಿ ಬಡಿಸಿದ ಭಕ್ತ. ಆ ಕಥೆ ಕೇಳುವಾಗ ನಾವು ಭಕ್ತಿಗೆ ಕೈಮುಗಿದು ಮುಂದೆ ಹೋಗಿರುತ್ತೇವೆ. ಕಿರ್ಕೆಗಾರ್ಡ್ ಹೋಗಲು ಬಿಡುವುದಿಲ್ಲ. ಆ ಮೂರು ದಿನದ ದಾರಿಯಲ್ಲಿ ಅಪ್ಪನ ಮನಸ್ಸಿನಲ್ಲಿ ಏನಿತ್ತು ಅಂತ ಹಿಡಿದು ನಿಲ್ಲಿಸುತ್ತಾನೆ. ಪುಸ್ತಕದ ಆರಂಭದಲ್ಲೇ ಅದೇ ಕಥೆಯನ್ನು ನಾಲ್ಕು ರೀತಿ ಹೇಳುತ್ತಾನೆ. ಮೊದಲನೆಯದರಲ್ಲಿ, ಮಗನಿಗೆ ದೇವರ ಮೇಲಿನ ನಂಬಿಕೆ ಹೋಗದಿರಲಿ ಅಂತ ಅಬ್ರಹಾಮ ತಾನೇ ರಾಕ್ಷಸನಂತೆ ನಟಿಸುತ್ತಾನೆ. ಈ ಕೆಲವೇ ಪುಟಗಳನ್ನು ಗಟ್ಟಿಯಾಗಿ ಓದಿ.

ಪುಸ್ತಕದ ಮೇಲೆ ಇದ್ದ ಹೆಸರು ಕಿರ್ಕೆಗಾರ್ಡನದಲ್ಲ, ಯೊಹಾನೆಸ್ ದೆ ಸಿಲೆಂಶಿಯೊ ಅನ್ನುವ ಕಾವ್ಯನಾಮ. ಈ ಯೊಹಾನೆಸ್ ತನಗೆ ಅಬ್ರಹಾಮ ಅರ್ಥವಾಗುವುದಿಲ್ಲ ಅಂತ ಒಪ್ಪಿಕೊಳ್ಳುವವನು. ಹಾಗಾಗಿ 'ಕಿರ್ಕೆಗಾರ್ಡ್ ಹೀಗೆ ಹೇಳಿದ' ಅಂತ ಬರೆಯುವ ಮುಂಚೆ ಹೇಳಿದವರು ಯಾರು ಅಂತ ನೋಡಿಕೊಳ್ಳಿ. ಪುಸ್ತಕಕ್ಕೆ ಎರಡು ವರ್ಷ ಮುಂಚೆ, 1841ರಲ್ಲಿ, ಕಿರ್ಕೆಗಾರ್ಡ್ ರೆಜಿನ್ ಓಲ್ಸನ್ ಜೊತೆಗಿನ ನಿಶ್ಚಿತಾರ್ಥ ಮುರಿದುಕೊಂಡಿದ್ದ ಅನ್ನುವುದೂ ಗೊತ್ತಿರಲಿ. ಎಲ್ಲವನ್ನೂ ಅದಕ್ಕೇ ತಂದು ಕಟ್ಟಬೇಡಿ ಅಷ್ಟೇ. ನನಗೆ ತುಂಬ ಇಷ್ಟವಾದ ಭಾಗ ಶ್ರದ್ಧೆಯ ವೀರನದು, ಅಬ್ರಹಾಮನಂತೆ ಪೂರ್ತಿ ನಂಬಿ ಬದುಕುವವನದು. ನೋಡಿದರೆ ತೆರಿಗೆ ವಸೂಲಿಗೆ ಬಂದವನಂತಿದ್ದಾನೆ. ಸಂಜೆ ಮನೆ ಕಡೆ ನಡೆಯುತ್ತಾ, ಹೆಂಡತಿ ಕುರಿಮರಿಯ ತಲೆ ಹುರಿದು ತರಕಾರಿ ಜೊತೆ ಇಟ್ಟಿರುತ್ತಾಳೆ ಅಂತ ಬಾಯಲ್ಲಿ ನೀರೂರಿಸಿಕೊಳ್ಳುತ್ತಾನೆ. ಅವಳು ಮಾಡಿರದಿದ್ದರೂ ಅವನಿಗೆ ಏನೂ ಅನ್ನಿಸುವುದಿಲ್ಲ.

ಮರುವರ್ಷದ 'ದಿ ಕಾನ್ಸೆಪ್ಟ್ ಆಫ್ ಆಂಗ್ಸೈಟಿ' ಕಷ್ಟದ ಪುಸ್ತಕ. ಅದರಿಂದ ಒಂದು ಚಿತ್ರ ಸಾಕು: ಪ್ರಪಾತದ ಅಂಚಿನಲ್ಲಿ ನಿಂತವನ ತಲೆಸುತ್ತು, ಅದೇ ಸ್ವಾತಂತ್ರ್ಯದ ತಲೆಸುತ್ತು. ಇದಕ್ಕೆ 'ಆತಂಕ' ಅನ್ನುವುದಕ್ಕಿಂತ 'ತಲ್ಲಣ' ಹೆಚ್ಚು ಒಪ್ಪುತ್ತದೆ. ತಲ್ಲಣಿಸದಿರು ಕಂಡ್ಯ ತಾಳು ಮನವೇ ಅಂದ ಕನಕದಾಸರನ್ನೂ, ಸರಿಯಾಗಿ ತಲ್ಲಣಿಸುವುದನ್ನು ಕಲಿಯಬೇಕು ಅಂದ ಕೋಪನ್‌ಹೇಗನ್ನಿನ ಕಿರ್ಕೆಗಾರ್ಡನನ್ನೂ ಪಕ್ಕಪಕ್ಕ ಕೂರಿಸಿದರೆ ಒಂದು ಸಂಜೆ ಚೆನ್ನಾಗಿ ಕಳೆಯುತ್ತದೆ.

ಹೆಜ್ಜೆ 5: ನೀತ್ಶೆಯಿಂದ ಎರಡೇ ತುಣುಕು

ಎಲ್ಲರೂ ಅವನ 'ಜರತುಷ್ಟ್ರ' ಪುಸ್ತಕ ಹಿಡಿದು ಸೋಲುತ್ತಾರೆ. ಬದಲಿಗೆ 'ದಿ ಗೇ ಸೈನ್ಸ್' (1882) ತೆಗೆದು 125 ಮತ್ತು 341ನೇ ತುಣುಕು ಓದಿ. ಮೊದಲನೆಯದರಲ್ಲಿ ಹಾಡುಹಗಲಲ್ಲಿ ಲಾಟೀನು ಹಿಡಿದು ದೇವರನ್ನು ಹುಡುಕುವ ಹುಚ್ಚ; ಎರಡನೆಯದರಲ್ಲಿ ಇದೇ ಬದುಕನ್ನು ಇದ್ದಹಾಗೇ ಅನಂತ ಸಲ ಬದುಕಬೇಕು ಅಂತ ಕಿವಿಯಲ್ಲಿ ಉಸುರುವ ಪಿಶಾಚಿ. ಹುಚ್ಚನನ್ನು ನೋಡಿ ನಗುವವರು ದೇವರನ್ನು ನಂಬದವರೇ ಅನ್ನುವುದನ್ನು ಗಮನಿಸಿ. ಸದ್ಯಕ್ಕೆ ಸಾಕು.

ಹೆಜ್ಜೆ 6: ಸಿಸಿಫಸ್, ಹಿಂದಿನಿಂದ ಮುಂದಕ್ಕೆ

ಕಮೂನ 'ದಿ ಮಿಥ್ ಆಫ್ ಸಿಸಿಫಸ್' ಕೂಡ 1942ರದೇ. ಕೊನೆಯ ಪುಟ್ಟ ಅಧ್ಯಾಯದಿಂದ ಶುರು ಮಾಡಿ. ಗ್ರೀಕ್ ಪುರಾಣದ ಸಿಸಿಫಸ್‌ಗೆ ಬಂಡೆಯನ್ನು ಬೆಟ್ಟದ ತುದಿಗೆ ಮತ್ತೆ ಮತ್ತೆ ಹತ್ತಿಸುವ ಶಿಕ್ಷೆ. ಬಂಡೆ ಉರುಳಿ ಕೆಳಗೆ ಹೋಗಿದೆ, ಸಿಸಿಫಸ್ ಬರಿಗೈಯಲ್ಲಿ ಇಳಿದು ಬರುತ್ತಿದ್ದಾನೆ. ಕಮೂನ ಕಣ್ಣು ಇರುವುದು ಹತ್ತುವ ದುಡಿಮೆಯ ಮೇಲಲ್ಲ, ಈ ಇಳಿಯುವ ಹೊತ್ತಿನ ಮೇಲೆ. ಅರ್ಥ ಕೇಳುವ ಮನುಷ್ಯನಿಗೆ ಲೋಕ ಉತ್ತರ ಕೊಡದಿರುವ ಸ್ಥಿತಿಯನ್ನು ಕಮೂ 'ಅಬ್ಸರ್ಡ್' ಅನ್ನುತ್ತಾನೆ; ಅದಕ್ಕೆ ನಾಟಕದವರು ಬಳಸುವ 'ಅಸಂಗತ' ಪದವೇ ಇಲ್ಲಿಗೂ ಸಾಕಾಗುತ್ತದೆ.

ಒಂದು ಮಾತು. ಈ ಪುಸ್ತಕ ಆತ್ಮಹತ್ಯೆಯ ಪ್ರಶ್ನೆಯಿಂದಲೇ ಶುರುವಾಗುತ್ತದೆ, ಅದಕ್ಕೆ ಕಮೂನ ಉತ್ತರ 'ಬೇಡ' ಅಂತಲೇ. ಆದರೂ ಮನಸ್ಸು ಕುಸಿದಿರುವ ದಿನಗಳಲ್ಲಿ ಒಬ್ಬರೇ ಕೂತು ಇದನ್ನು ಓದಬೇಡಿ. ಪುಸ್ತಕ ಎಲ್ಲಿಗೂ ಓಡಿಹೋಗುವುದಿಲ್ಲ. ಹತ್ತಿರದವರ ಜೊತೆ ಮಾತಾಡಿ, ಅಥವಾ ಸರ್ಕಾರದ ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಕರೆ ಮಾಡಿ.

ಹೆಜ್ಜೆ 7: ಸಿಮೋನ್ ದ ಬೋವಾ

ಬೋವಾ ಸಾರ್ತ್ರನ ಸಂಗಾತಿ, ತಾನೂ ತತ್ವಜ್ಞಾನಿ. ಅವಳನ್ನು ಸಾರ್ತ್ರನ ಬಾಲದಂತೆ ಕೊನೆಯಲ್ಲಿ ಓದುವ ರೂಢಿ ಕೆಟ್ಟದ್ದು. ಸಾರ್ತ್ರ ಹೇಳಿದ ಸ್ವಾತಂತ್ರ್ಯ ಎಲ್ಲರಿಗೂ ಒಂದೇ ಅಳತೆಯಲ್ಲಿ ಸಿಕ್ಕಿದೆಯೇ ಅಂತ ಬಿಡದೆ ಕೇಳಿದವಳು ಅವಳು. 'ದಿ ಎಥಿಕ್ಸ್ ಆಫ್ ಆಂಬಿಗ್ಯುಯಿಟಿ' (1947) ಚಿಕ್ಕದು; ಆ ವಿದ್ಯಾರ್ಥಿಯ ಕಥೆಯಲ್ಲಿ ಸಿಟ್ಟು ಬಂದಿದ್ದರೆ ಅದಕ್ಕೆ ಇಲ್ಲಿ ಆಹಾರ ಸಿಗುತ್ತದೆ.

'ದಿ ಸೆಕೆಂಡ್ ಸೆಕ್ಸ್' (1949) ಕೊಳ್ಳುವಾಗ ಅನುವಾದಕರ ಹೆಸರು ನೋಡಿ. 1953ರ ಪಾರ್ಶ್ಲಿ ಅನುವಾದದಲ್ಲಿ ಮೂಲದ ಸಾಕಷ್ಟು ಭಾಗ ಕತ್ತರಿಸಿಹೋಗಿದೆ, ತತ್ವಶಾಸ್ತ್ರದ ಪದಗಳೂ ಅಲ್ಲಲ್ಲಿ ಎಡವಿವೆ. ಪಾರ್ಶ್ಲಿ ಪ್ರಾಣಿಶಾಸ್ತ್ರದ ಪ್ರಾಧ್ಯಾಪಕ. 2009ರ ಬೋರ್ಡ್ ಮತ್ತು ಮಲೊವನಿ-ಶೆವಾಲಿಯೆ ಅನುವಾದ ಪೂರ್ತಿಯಿದೆ, ಓಟ ಮಾತ್ರ ಸ್ವಲ್ಪ ಬಿಗಿ. ಎಚ್.ಎಸ್. ಶ್ರೀಮತಿಯವರ ಕನ್ನಡ ಅನುವಾದವೂ ಇದೆ. ಎರಡನೇ ಸಂಪುಟದ ಬಾಲ್ಯದ ಅಧ್ಯಾಯದಿಂದ ಶುರು ಮಾಡಿ. ಹೆಣ್ಣು ಹೆಣ್ಣಾಗಿ ಹುಟ್ಟುವುದಿಲ್ಲ, ಹೆಣ್ಣಾಗುತ್ತಾಳೆ ಅನ್ನುವ ಪ್ರಸಿದ್ಧ ಮಾತು ಅಲ್ಲಿನ ಮೊದಲ ಸಾಲು. ಅಲ್ಲಿಂದ ಒಂದು ಹುಡುಗಿಗೆ ಯಾವ ವಯಸ್ಸಿನಲ್ಲಿ ಏನೇನು ಕಲಿಸಲಾಗುತ್ತದೆ ಅಂತ ಬಿಡಿಸುತ್ತಾ ಹೋಗುತ್ತಾಳೆ. ನಿಮ್ಮ ಮನೆಯ ಪಟ್ಟಿಯನ್ನು ಪಕ್ಕದಲ್ಲಿ ಬರೆದುಕೊಳ್ಳಿ: ತಟ್ಟೆ ತೊಳೆಯಲು ಮೊದಲು ಯಾರನ್ನು ಕರೆಯುತ್ತಿದ್ದರು, ಕತ್ತಲಾದ ಮೇಲೆ ಅಂಗಡಿಗೆ ಯಾರನ್ನು ಕಳಿಸುತ್ತಿದ್ದರು.

ಹೆಜ್ಜೆ 8: ಈಗ ದಪ್ಪ ಪುಸ್ತಕ

ನಾನು ದಂಡ ಕಟ್ಟಿದ ಪುಸ್ತಕಕ್ಕೆ ಬಂದೆವು. 1943ರ 'ಬೀಯಿಂಗ್ ಅಂಡ್ ನಥಿಂಗ್‌ನೆಸ್' ಫ್ರೆಂಚ್ ಮೂಲದಲ್ಲಿ ಏಳುನೂರು ಪುಟ ದಾಟುತ್ತದೆ. ಮೊದಲಿಂದ ಕೊನೆಗೆ ಓದುವ ಹಟ ಬೇಡ. ಎರಡು ಕಡೆ ನಿಂತರೆ ಸಾಕು. ಒಂದು, 'ಬ್ಯಾಡ್ ಫೇತ್' ಅಧ್ಯಾಯದ ಹೋಟೆಲ್ ಮಾಣಿ. ಅವನ ನಡಿಗೆ ತುಸು ಹೆಚ್ಚೇ ಚುರುಕು, ಬಗ್ಗುವುದು ತುಸು ಹೆಚ್ಚೇ ವಿನಯ. ಮಾಣಿಯಾಗಿರುವ ಆಟ ಆಡುತ್ತಿದ್ದಾನೆ. ಕನ್ನಡದಲ್ಲಿ ಇದನ್ನು 'ಆತ್ಮವಂಚನೆ' ಅನ್ನಬಹುದು. 'ನನ್ನ ಸ್ವಭಾವವೇ ಹೀಗೆ, ಏನ್ ಮಾಡ್ಲಿ' ಅಂತ ನಾವು ಕೈಚೆಲ್ಲುತ್ತೇವಲ್ಲ, ಸಾರ್ತ್ರ ಹಿಡಿಯುವುದು ಅದನ್ನೇ. ಇನ್ನೊಂದು, ಕೀಲಿಕಂಡಿಯ ಪ್ರಸಂಗ. ಹೊಟ್ಟೆಕಿಚ್ಚಿನಿಂದ ಒಬ್ಬ ಒಳಗೆ ಇಣುಕುತ್ತಿದ್ದಾನೆ, ನೋಟದಲ್ಲೇ ಮುಳುಗಿದ್ದಾನೆ, ತಾನೊಬ್ಬ ಇದ್ದೇನೆ ಅನ್ನುವುದೂ ಮರೆತಿದೆ. ಹಿಂದೆ ಹೆಜ್ಜೆ ಸಪ್ಪಳ. ತಟ್ಟನೆ ಅವನು ಇನ್ನೊಬ್ಬರ ಕಣ್ಣಿನಲ್ಲಿ ಇಣುಕುವವನಾಗಿ ಬಿಡುತ್ತಾನೆ. ನಾಚಿಕೆ ಹುಟ್ಟುವುದು ಆಗ.

ಹೈಡೆಗರನ 'ಬೀಯಿಂಗ್ ಅಂಡ್ ಟೈಮ್' (1927) ಇನ್ನೂ ಗಟ್ಟಿ. ಅದನ್ನು ಜೊತೆಗಾರರಿಲ್ಲದೆ ಹಿಡಿಯಬೇಡಿ. ಅವನು 1933ರಲ್ಲಿ ಫ್ರೈಬರ್ಗ್ ವಿಶ್ವವಿದ್ಯಾಲಯದ ರೆಕ್ಟರ್ ಆಗಿ ನಾಜಿ ಪಕ್ಷವನ್ನೂ ಸೇರಿದ ಅನ್ನುವುದನ್ನು ತಿಳಿದೇ ಓದಿ. 'ಎಲ್ಲರೂ ಹೀಗೇ ಮಾಡುತ್ತಾರೆ' ಅನ್ನುವ ಗುಂಪಿನ ದನಿ ನಮ್ಮನ್ನು ಹೇಗೆ ನುಂಗುತ್ತದೆ ಅಂತ ಅಷ್ಟು ಸೂಕ್ಷ್ಮವಾಗಿ ಬರೆದವನೇ ಆ ಗುಂಪು ಸೇರಿದ. ಇದನ್ನು ಹೇಗೆ ಜೀರ್ಣಿಸಿಕೊಳ್ಳುವುದು ಅನ್ನುವ ಚರ್ಚೆ ಇನ್ನೂ ಮುಗಿದಿಲ್ಲ.

ಹೆಜ್ಜೆ 9: ವಾಪಸು ಕನ್ನಡಕ್ಕೆ

ಇಷ್ಟು ಓದಿದ ಮೇಲೆ ನಮ್ಮ ನವ್ಯರನ್ನು ಮತ್ತೆ ತೆಗೆಯಿರಿ. ಗಿರೀಶ ಕಾರ್ನಾಡರು 'ಯಯಾತಿ' (1961) ಬರೆದಾಗ ತಮ್ಮ ಮೇಲಿದ್ದ ಪ್ರಭಾವಗಳಲ್ಲಿ ಸಾರ್ತ್ರನ ಹೆಸರನ್ನೂ ಹೇಳಿಕೊಂಡಿದ್ದಾರೆ. ಯಶವಂತ ಚಿತ್ತಾಲರ 'ಶಿಕಾರಿ' (1979) ಓದುವಾಗ ಮುಂಬಯಿಯ ಕಂಪನಿಯಲ್ಲಿ ಸಿಕ್ಕಿಬಿದ್ದ ನಾಗಪ್ಪನ ಹಿಂದೆ, ಕಾರಣವೇ ತಿಳಿಯದ ಆಪಾದನೆಯಲ್ಲಿ ಸಿಕ್ಕಿಬಿದ್ದವನ ಕಥೆ ಬರೆದ ಕಾಫ್ಕಾ ನಿಂತಿದ್ದಾನೆ ಅನ್ನಿಸದಿರದು. ಇವೆಲ್ಲ ಪಶ್ಚಿಮದ ಆಮದು ಅನ್ನುವ ಹಳೆಯ ದೂರು ಉಂಟು. ಆ ದೂರನ್ನು ಪರೀಕ್ಷಿಸಲು ಒಳ್ಳೆಯ ಪುಸ್ತಕ ಅನಂತಮೂರ್ತಿಯವರ 'ಸಂಸ್ಕಾರ' (1965). ಅವರು ಅದನ್ನು ಬರೆದದ್ದು ಬರ್ಮಿಂಗ್‌ಹ್ಯಾಮ್‌ನಲ್ಲಿ ಓದುತ್ತಿದ್ದಾಗ, ಸ್ವೀಡನ್ನಿನ ನಿರ್ದೇಶಕ ಬರ್ಗ್‌ಮನ್‌ನ 'ದಿ ಸೆವೆಂತ್ ಸೀಲ್' ಸಿನಿಮಾ ನೋಡಿದ ಮೇಲೆ. ಆದರೆ ಪ್ರಶ್ನೆ ಮಾತ್ರ ಅಗ್ರಹಾರದ್ದೇ: ಬ್ರಾಹ್ಮಣ್ಯ ಬಿಟ್ಟು ಬದುಕಿದ ನಾರಣಪ್ಪನ ಹೆಣ ಕೊಳೆಯುತ್ತಿದೆ, ಸಂಸ್ಕಾರ ಮಾಡುವವರು ಯಾರು? ಶಾಸ್ತ್ರಗ್ರಂಥಗಳಲ್ಲಿ ಉತ್ತರವಿಲ್ಲ, ಗುಡಿಯ ಮಾರುತಿಯೂ ಪ್ರಸಾದ ಕೊಡುವುದಿಲ್ಲ. ಸಲಹೆ ಕೇಳಲು ಬಂದ ಆ ಪ್ಯಾರಿಸ್ ಹುಡುಗನ ಜಾಗದಲ್ಲಿ ಇಲ್ಲಿ ಸಲಹೆ ಕೊಡಬೇಕಾದ ಪ್ರಾಣೇಶಾಚಾರ್ಯರೇ ನಿಂತಿದ್ದಾರೆ.

ನಾಲ್ಕೈದು ಜನ ಸೇರಿ ಓದುವುದಾದರೆ ಕೊನೆಯ ಪುಟವನ್ನು ಒಬ್ಬರು ಗಟ್ಟಿಯಾಗಿ ಓದಲಿ. ಪ್ರಾಣೇಶಾಚಾರ್ಯರು ಗಾಡಿ ಹತ್ತಿದ್ದಾರೆ, ಇನ್ನೂ ನಾಲ್ಕೈದು ಗಂಟೆಯ ಪ್ರಯಾಣ. ಆಮೇಲೆ? ಕಾದಂಬರಿ ಅಲ್ಲಿಗೇ ನಿಲ್ಲುತ್ತದೆ. ಊರು ಮುಟ್ಟಿದ ಮೇಲೆ ಅವರು ತಾವು ಮುಚ್ಚಿಟ್ಟದ್ದನ್ನು ಬಾಯಿಬಿಟ್ಟು ಹೇಳುತ್ತಾರೋ ಇಲ್ಲವೋ ಅಂತ ಒಬ್ಬೊಬ್ಬರನ್ನೇ ಕೇಳಿ. ನಮ್ಮ ಗುಂಪಿನಲ್ಲಿ ಸಂಜೆ ಐದಕ್ಕೆ ಹುಟ್ಟಿದ ಜಗಳ ರಾತ್ರಿ ಊಟದ ಎಲೆ ಎತ್ತುವವರೆಗೂ ನಡೆದಿತ್ತು.